ಕಲ್ಲು ನನ್ನ ಮ್ಯಾಲ ಬೀಳಬೇಕಾಗಿತ್ರಿ

ತಾಂಡೂರಿನಿಂದ ಯಾಲಾಲ್ ಕಡೆಗೆ ಹೊರಟ ಬಸ್ಸಿನಲ್ಲಿ ಸ್ವರೂಪಾ ತನ್ನ ದನಿಯನ್ನು ತಾನೇ ಕೇಳಿದಳು. ಅವಳು ಬಾಯಿ ತೆರೆದಿರಲಿಲ್ಲ. ಮುಂದಿನ ಸೀಟಿನ ಹೆಂಗಸಿನ ಕೈಯಲ್ಲಿದ್ದ ಫೋನು ಮಾತಾಡುತ್ತಿತ್ತು.

"ತಪ್ಪಾತ್ರಿ ಸಾವಕಾರ್ರೆ. ಕಲ್ಲು ನನ್ನ ಮ್ಯಾಲ ಬೀಳಬೇಕಾಗಿತ್ರಿ."

ಹಿಂದೆಯೇ ಯಾರದೋ ನಗು, ಯಾವುದೋ ಬ್ಯಾಂಡಿನ ಸಪ್ಪಳ. ಹೆಂಗಸು ನಕ್ಕಳು. ಪಕ್ಕದವಳಿಗೆ ತೋರಿಸಿದಳು. ಅವಳೂ ಹೊಟ್ಟೆ ಹಿಡಿದು ನಕ್ಕಳು. ಅದರ ಬೆನ್ನಿಗೇ ಮೊಣಕಾಲು ನೋವಿನ ಎಣ್ಣೆಯ ಜಾಹೀರಾತು ಬಂತು. ಸ್ವರೂಪಾಳ ಮೊಣಕಾಲಿಗೆ ಹಾಕಿದ್ದ ಏಳು ಹೊಲಿಗೆಗಳನ್ನು ಇನ್ನೂ ಬಿಚ್ಚಿರಲಿಲ್ಲ. ಅವಳು ಸೆರಗನ್ನು ಮುಖದ ಮೇಲೆ ಎಳೆದುಕೊಂಡು ಒಂದು ಸ್ಟಾಪು ಮೊದಲೇ ಇಳಿದಳು. ಕುಂಟುತ್ತ ಮನೆಗೆ ನಡೆದಳು.

ಅವಳು ಕೆಲಸದಲ್ಲಿ ಬಿದ್ದು ಹತ್ತು ದಿನವಾಗಿತ್ತು. ರಸ್ತೆಯ ಪಕ್ಕದ ಮನ್ಮಥಪ್ಪನ ಕಲ್ಲು ಪಾಲಿಶ್ ಕಾರ್ಖಾನೆಯಲ್ಲಿ ಅವಳಿಗೆ ಹನ್ನೊಂದು ವರ್ಷದ ಕೆಲಸ. ಮಷೀನು ಉಜ್ಜಿ ಬಿಟ್ಟ, ನೆಲಕ್ಕೆ ಹಾಸುವ ಫರಸಿ ಕಲ್ಲನ್ನು ತಲೆಗೆ ಸಿಂಬಿ ಇಟ್ಟು ಲಾರಿಗೆ ಹೊರಬೇಕು. ಒಂದೊಂದು ಕಲ್ಲು ಮೂವತ್ತು ಕಿಲೋಗೆ ಕಮ್ಮಿಯಿಲ್ಲ. ಕೊರಳಿನ ಎಲುಬು ಒಳಕ್ಕೆ ಇಳಿಯುತ್ತದೆ. ಬೆರಳ ಸಂದಿಯಲ್ಲಿ ಕಲ್ಲಿನ ಕೆಸರು ಕೂತು ಚರ್ಮ ಬಿರಿಯುತ್ತದೆ. ಸಂಜೆ ಮೈ ತೊಳೆದರೆ ಬಚ್ಚಲಲ್ಲಿ ಬೂದಿ ನೀರು ಹರಿಯುತ್ತದೆ. ತಿಂದ ರೊಟ್ಟಿಗೂ ಕಲ್ಲಿನ ರುಚಿ.

ಮಷೀನಿನಿಂದ ಲಾರಿಗೆ ಹೋಗುವ ದಾರಿಯಲ್ಲಿ ಒಂದು ಮೋರಿ. ಮೋರಿಯ ಮೇಲೆ ಒಂದು ಹಲಗೆ. ಆ ಹಲಗೆ ಹಸಿಯಾಗಿದೆ, ಜಾರುತ್ತದೆ, ಬದಲಿಸಿ ಎಂದು ಸ್ವರೂಪಾ ಎರಡು ಸಲ ಹೇಳಿದ್ದಳು. ಮನ್ಮಥಪ್ಪ ಎರಡು ಸಲವೂ ಹೂಂ ಅಂದಿದ್ದ. ಸಾಹುಕಾರರ ಹೂಂ ಮತ್ತು ನಾಯಿಯ ಬಾಲ ಎರಡೂ ಅಲ್ಲಾಡುತ್ತವೆ, ಅಷ್ಟೇ.

ಅವಳು ಜಾರಿ ಮೋರಿಗೆ ಬಿದ್ದಳು. ಕಲ್ಲು ಎರಡು ತುಂಡಾಯಿತು. ಮೊಣಕಾಲು ಸೀಳಿತು. ಮುಖದ ತುಂಬ ಕೆಸರು. ಮನ್ಮಥಪ್ಪ ಓಡಿ ಬಂದ. ಮೊದಲು ನೋಡಿದ್ದು ಕಲ್ಲನ್ನು. ಬಗ್ಗಿ ಎರಡೂ ತುಂಡು ಎತ್ತಿ ಜೋಡಿಸಿ ನೋಡಿದ. ಆಮೇಲೆ ಬೈಗುಳ ಶುರುವಾಯಿತು. ಅವಳ ತಾಯಿ, ಅವಳ ಕೇರಿ, ಅವಳು ತಿನ್ನುವ ಕೂಳು, ಯಾವುದನ್ನೂ ಬಿಡಲಿಲ್ಲ. ಕೆಲಸ ಹೋದೀತು ಎಂಬ ಹೆದರಿಕೆಗೆ ಸ್ವರೂಪಾ ಕೆಸರಿನಲ್ಲಿ ಕೂತೇ ಎರಡೂ ಕೈ ಜೋಡಿಸಿದಳು. ಆಗ ಬಂದ ಮಾತದು. ಕಲ್ಲು ನನ್ನ ಮೇಲೆ ಬೀಳಬೇಕಾಗಿತ್ತು. ಹಾಗಾಗಿದ್ದರೆ ಕಲ್ಲು ಉಳಿಯುತ್ತಿತ್ತಲ್ಲ, ಅದು ಅದರ ಅರ್ಥ. ಮನುಷ್ಯರ ಬಾಯಿಂದ ಇಂಥ ಮಾತು ಬಂದರೆ ಕೇಳಿದವನ ಅನ್ನ ಗಂಟಲಲ್ಲಿ ನಿಲ್ಲಬೇಕು.

ಮನ್ಮಥಪ್ಪನ ಮಗ ಸಂಜೀವಕುಮಾರನಿಗೆ ನಿಲ್ಲಲಿಲ್ಲ. ಅವನು ಮೊದಲಿನಿಂದಲೂ ಫೋನು ಹಿಡಿದು ನಿಂತಿದ್ದ. ಅವಳನ್ನು ಎತ್ತುವುದಕ್ಕೆ ಕೈ ಖಾಲಿ ಇರಲಿಲ್ಲ. ಸಾಯಂಕಾಲದೊಳಗೆ ನಗು ಸೇರಿಸಿ, ಬ್ಯಾಂಡು ಸೇರಿಸಿ ಆ್ಯಪಿಗೆ ಹಾಕಿದ. ವಾರದೊಳಗೆ ಇಪ್ಪತ್ತು ಲಕ್ಷ ಜನ ನೋಡಿದರು. ನೋಡಿದವರು ಸುಮ್ಮನಿರಲಿಲ್ಲ. ಆ ಮಾತನ್ನಷ್ಟೇ ಕತ್ತರಿಸಿಕೊಂಡು ತಾವೂ ವೀಡಿಯೊ ಮಾಡಿದರು. ಹಾಲು ಉಕ್ಕಿಸಿದ ಸೊಸೆ ಅತ್ತೆಯ ಮುಂದೆ ಕೈ ಜೋಡಿಸಿ ತುಟಿ ಆಡಿಸಿದಳು. ಕಾರಿಗೆ ಗೀರು ಬಿದ್ದರೆ ಡ್ರೈವರು ಆಡಿಸಿದ. ಕನ್ನಡ ಬಾರದವರೂ ಆಡಿಸಿದರು. ಬೆಕ್ಕಿಗೆ ಆಟ, ಇಲಿಗೆ ಪ್ರಾಣಸಂಕಟ.

ಸ್ವರೂಪಾಳ ಗಂಡ ಪೋಚಪ್ಪ ಜಹೀರಾಬಾದಿನಲ್ಲಿ ಕಾರ್ಖಾನೆಯೊಂದರ ವಾಚ್‌ಮನ್. ವಾರಕ್ಕೊಮ್ಮೆ ಮನೆಗೆ ಬರುವವನು. ಅಲ್ಲಿ ಯಾರೋ ಜೊತೆಯವರು ಈ ವೀಡಿಯೊ ತೋರಿಸಿದ್ದರು. ಕೆಸರು ಮೆತ್ತಿದ ಮುಖ, ಬ್ಯಾಂಡಿನಲ್ಲಿ ಮುಳುಗಿದ ದನಿ. ತನ್ನ ಹೆಂಡತಿ ಎಂದು ಗುರುತು ಹತ್ತುವ ಮೊದಲು ಅವನೂ ನಕ್ಕಿದ್ದ. ಆ ವಾರ ಅವನು ಮನೆಗೆ ಬರಲಿಲ್ಲ. ಡ್ಯೂಟಿ ಇದೆ ಎಂದು ಫೋನಿನಲ್ಲಿ ಸುಳ್ಳು ಹೇಳಿದ.

ಮಗಳು ಶಿಲ್ಪಾರಾಣಿ ತಾಂಡೂರಿನಲ್ಲಿ ಇಂಟರ್ ಎರಡನೇ ವರ್ಷ, ಅಂದರೆ ದ್ವಿತೀಯ ಪಿಯುಸಿ, ಓದುತ್ತಿದ್ದಳು. ಸೈನ್ಸು. ಕೇರಿಯಲ್ಲಿ ಮೊದಲ ಹುಡುಗಿ. ಒಂದು ದಿನ ಲ್ಯಾಬಿನಲ್ಲಿ ಅವಳ ಕೈಯಿಂದ ಗಾಜಿನ ಕೊಳವೆ ಬಿತ್ತು. ಹಿಂದಿನಿಂದ ಯಾರೋ ಆ ಮಾತು ಅಂದರು. ಎಲ್ಲರೂ ನಕ್ಕರು. ಅದು ಇವಳ ಅವ್ವನ ಮಾತು ಎಂದು ಆಗ ಅವರಿಗೆ ಗೊತ್ತಿರಲಿಲ್ಲ. ಮರುದಿನ ಗೊತ್ತಾಯಿತು. ಅವಳು ಮನೆಗೆ ಬಂದು ಚೀಲವನ್ನು ಗೂಟಕ್ಕೆ ಹಾಕಿದಳು. ಆ ವೀಡಿಯೊ ಇರುವತನಕ ತಾನು ಕಾಲೇಜಿನ ಮೆಟ್ಟಿಲು ಹತ್ತುವುದಿಲ್ಲ ಎಂದಳು. ಪ್ರಾಕ್ಟಿಕಲ್ ಪರೀಕ್ಷೆಗೆ ಒಂದು ವಾರ ಉಳಿದಿತ್ತು.

ಆ ವೀಡಿಯೊ ಇಳಿಯಬೇಕು, ಮಗಳು ಬಸ್ಸು ಹತ್ತಬೇಕು. ಸ್ವರೂಪಾಳಿಗೆ ಬೇಕಾದದ್ದು ಇಷ್ಟೇ. ಅವಳು ಕುಂಟುತ್ತ ಕಾರ್ಖಾನೆಗೆ ಹೋಗಿ ಸಂಜೀವಕುಮಾರನ ಮುಂದೆ ನಿಂತಳು. ತೆಗೆದುಬಿಡಿ ಎಂದಳು. ಅವನಿಗೆ ಇಪ್ಪತ್ತನಾಲ್ಕು, ಅವಳಿಗೆ ಮೂವತ್ತೇಳು. ಅವನು ಅವಳನ್ನು ಏ ಸ್ವರೂಪಿ ಎಂದೇ ಕರೆಯುವವನು. ಕುರ್ಚಿಯಿಂದ ಏಳದೆ ಅವಳಿಗೆ ಪಾಠ ಹೇಳಿದ.

"ಏ ಸ್ವರೂಪಿ, ನಿನಗ ತಿಳಿಯಂಗಿಲ್ಲ. ಜನ ನಿನ್ನ ನೋಡ್ಕೋತ ಆ್ಯಪಿನೊಳಗ ಕೂಡ್ತಾರ. ಕೂತವರಿಗೆ ನಡನಡುವ ಜಾಹೀರಾತು ತೋರಸ್ತಾರ. ಜಾಹೀರಾತು ಅಂಟಸೋ ಗ್ವಾಡಿನೂ ಅವರದೇ, ಬಾಜಾರನೂ ಅವರದೇ. ನಮಗ ಚೂರು ಬೀಳ್ತದ. ಈಗ ತಗದ್ರ ನನ್ನ ಚಾನಲ್ ಸತ್ತ ಹೋಗ್ತದ."

ಅವನು ಹೇಳಿದ್ದರಲ್ಲಿ ಸುಳ್ಳೇನೂ ಇರಲಿಲ್ಲ. ಆ್ಯಪಿನ ಕಂಪನಿಯ ಧಂದೆ ಬಹಳ ಜಾಣತನದ್ದು ಎಂದು ಪೇಪರಿನವರು ಬರೆಯುತ್ತಾರೆ. ಎಂಥ ಜಾಣತನ, ಮಣ್ಣು. ಸಂತೆಗೆ ಸುಂಕ ಎತ್ತುವವನ ಧಂದೆ ಇದು. ಆದರೆ ಸುಂಕದವನಿಗೂ ಒಂದು ಮುಖ ಇರುತ್ತದೆ, ಉಗಿಯಬಹುದು. ಇವರಿಗೆ ಅದೂ ಇಲ್ಲ. ಕಲ್ಲು ಹೊರುವುದಿಲ್ಲ, ಬೀಳುವುದಿಲ್ಲ, ನಗಿಸುವುದೂ ಇಲ್ಲ. ಬೀಳುವವರು ಬೇರೆ, ನಗುವವರು ಬೇರೆ, ನಡುವೆ ಒಂದು ಎಣ್ಣೆ ಬಾಟಲಿ ತೂರಿಸಿ ಕೈ ಒಡ್ಡುವುದಷ್ಟೇ ಇವರ ಕಸುಬು. ಉರಿಯುವ ಮನೆಯ ಗಳ ಹಿರಿಯುವವರಾದರೂ ಬೆಂಕಿಯ ಹತ್ತಿರ ಬರುತ್ತಾರೆ. ಇವರು ಅಷ್ಟೂ ಹತ್ತಿರ ಬರುವುದಿಲ್ಲ.

ಸ್ವರೂಪಾಳ ಮೈದುನ ಜೈಭೀಮ ಆಟೊ ಓಡಿಸುತ್ತಾನೆ. ರೋಷದವನು. ವೈನಿಯ ಮಾತು ಕೇಳಿ ಅವನ ಕಣ್ಣು ಕೆಂಪಾಯಿತು. ಎಲ್ಲರೂ ಸೇರಿ ಕಂಪನಿಗೆ ದೂರು ಕೊಟ್ಟರೆ ಅವರೇ ಇಳಿಸುತ್ತಾರೆ ಎಂದ. ವೀಡಿಯೊವನ್ನು ಕೇರಿಯ ಅರವತ್ತು ಫೋನಿಗೆ ಕಳಿಸಿದ. ಕಂಗ್ಟಿಯ ಬೀಗರಿಗೆ, ಸಿರ್ಗಾಪುರದ ಗೆಳೆಯರಿಗೆ, ನಾರಾಯಣಖೇಡದ ದಲಿತ ಸಂಘದವರಿಗೆ ಕಳಿಸಿದ. ನಮ್ಮ ಹೆಣ್ಣುಮಗಳಿಗೆ ಏನು ಮಾಡಿದ್ದಾರೆ ಪೂರ್ತಿ ನೋಡಿ, ಆಮೇಲೆ ದೂರಿನ ಗುಂಡಿ ಒತ್ತಿ, ಮುಂದಿನವರಿಗೂ ಕಳಿಸಿ ಎಂದು ಬರೆದ.

ಜನ ಒತ್ತಿದರು. ಓದು ಬಾರದವರು ಮಕ್ಕಳಿಂದ ಒತ್ತಿಸಿದರು. ದೂರು ಯಾತಕ್ಕೆ ಎಂದು ಆ್ಯಪು ಕೇಳುತ್ತಿತ್ತು. ಆರಿಸಿಕೊಳ್ಳಲು ಒಂದು ಪಟ್ಟಿ ಕೊಡುತ್ತಿತ್ತು. ಬೆತ್ತಲೆ ಇದೆಯೆ, ಮೋಸ ಇದೆಯೆ, ನಕಲಿ ಮಾಲು ಇದೆಯೆ. ಒಬ್ಬ ಹೆಂಗಸನ್ನು ಕಲ್ಲಿಗಿಂತ ಅಗ್ಗ ಮಾಡಿದ್ದಾರೆ ಎಂಬ ಸಾಲು ಆ ಪಟ್ಟಿಯಲ್ಲಿ ಇರಲಿಲ್ಲ. ಸಿಕ್ಕಿದ್ದನ್ನು ಒತ್ತಿದರು. ಎರಡೇ ದಿನಕ್ಕೆ ಎಲ್ಲರಿಗೂ ಒಂದೇ ಉತ್ತರ ಬಂತು. ಪರಿಶೀಲಿಸಿದ್ದೇವೆ, ನಮ್ಮ ನಿಯಮ ಮುರಿದಿಲ್ಲ, ನಿಮಗೆ ಇಷ್ಟವಿಲ್ಲದಿದ್ದರೆ ನೋಡಬೇಡಿ.

ಕೇರಿ ಬಿಡಲಿಲ್ಲ. ಇಳಿದಿದೆಯೋ ಇಲ್ಲವೋ ಎಂದು ಬೆಳಗಾಗೆದ್ದು ತೆರೆದು ನೋಡಿದರು. ಮಧ್ಯಾಹ್ನ ರೊಟ್ಟಿ ತಿನ್ನುತ್ತ ನೋಡಿದರು. ಕೆಳಗೆ ಬೈಗುಳ ಬರೆದರು. ಬೈಗುಳಕ್ಕೆ ಊರವರು ಬೈಗುಳ ಬರೆದರು. ಜೈಭೀಮ ಆಟೊದಲ್ಲಿ ಕೂತು ತಾನೇ ಒಂದು ವೀಡಿಯೊ ಮಾಡಿ ಮನ್ಮಥಪ್ಪನ ಮಾನ ಹರಾಜು ಹಾಕಿದ. ಅದನ್ನೂ ಮೂರು ಲಕ್ಷ ಜನ ನೋಡಿದರು. ಅದರ ಬೆನ್ನಿಗೆ ಬಂದದ್ದು ಪ್ರೆಷರ್ ಕುಕ್ಕರಿನ ಜಾಹೀರಾತು.

ಐದನೆಯ ದಿನ ಸಂಜೀವಕುಮಾರ ಬೈಕಿನಲ್ಲಿ ಕೇರಿಗೆ ಬಂದ. ಬಂದವನ ಕೈಯಲ್ಲಿ ಒಂದು ಕಿಲೋ ಪೇಡೆಯ ಡಬ್ಬಿ. ಬೈಕು ಇಳಿಯಲಿಲ್ಲ. ಇಳಿದರೆ ನೀರು ಕೊಟ್ಟಾರು, ಕೇರಿಯ ನೀರು ಕುಡಿಯಬೇಕಾದೀತು ಎಂಬ ಹೆದರಿಕೆ. ಡಬ್ಬಿಯನ್ನು ಕಟ್ಟೆಯ ಮೇಲೆ ಇಟ್ಟು ಹಲ್ಲು ಕಿಸಿದ.

"ನಿಮ್ಮ ಕೇರಿಯವರು ಭಾಳ ಮೆಹನತ್ ಮಾಡೀರಿ. ವೀಡಿಯೊ ಸಾಯಾಕತ್ತಿತ್ತು. ನೀವು ನೋಡಿ ನೋಡಿ, ಬೈದು ಬೈದು ಎಬ್ಬಿಸಿದ್ರಿ. ಈಗ ಐವತ್ತು ಲಕ್ಷ ದಾಟ್ಯಾದ."

ದೂರಿಗೆಂದು ನೋಡಿದ್ದೂ ನೋಟವೇ. ಉಗಿಯಲೆಂದು ನೋಡಿದ್ದೂ ನೋಟವೇ. ಕಂಪನಿಗೆ ಕಣ್ಣೀರು, ಕೋಪ, ನಗು ಎಂಬ ಭೇದವಿಲ್ಲ. ಕಣ್ಣು ತೆರೆದಿದ್ದರೆ ಸಾಕು, ಮುಂದೆ ಕುಕ್ಕರು ಹಿಡಿಯುತ್ತದೆ. ಅರವತ್ತು ಫೋನಿನ ಕೇರಿ ಐದು ದಿನ ಹಗಲೆಲ್ಲ ದುಡಿದದ್ದು ತನ್ನದೇ ಹೆಣ್ಣುಮಗಳ ಅವಮಾನವನ್ನು ಹೊತ್ತು ಮೆರೆಸುವುದಕ್ಕೆ. ಪೇಡೆ ಅದರ ಕೂಲಿ.

ಸಂಜೀವಕುಮಾರನ ಮಾತು ಇನ್ನೂ ಮುಗಿದಿರಲಿಲ್ಲ. ಹೈದರಾಬಾದಿನ ಟೈಲ್ಸ್ ಕಂಪನಿಯವರು ಅವನಿಗೆ ಫೋನು ಮಾಡಿದ್ದರಂತೆ. ಒಂದು ಪೆಟ್ಟಿಗೆ ಟೈಲ್ಸೂ ಕಳಿಸಿದ್ದಾರಂತೆ. ಸ್ವರೂಪಾ ಅದೇ ಹಲಗೆಯ ಮೇಲೆ ಟೈಲ್ಸ್ ಹೊತ್ತು ಬರಬೇಕು, ಬೀಳಬೇಕು. ಟೈಲ್ಸ್ ಒಡೆಯುವುದಿಲ್ಲ. ಅವಳು ಕೆಸರು ಮುಖದಲ್ಲಿ ನಗುತ್ತ ಅದೇ ಮಾತು ಅನ್ನಬೇಕು. ಅಷ್ಟು ಮಾಡಿದರೆ ಹಳೆಯ ವೀಡಿಯೊ ತೆಗೆಯುತ್ತೇನೆ ಎಂದ. ಮಾಡದಿದ್ದರೆ ಕೆಲಸಕ್ಕೆ ಬರುವುದು ಬೇಡ ಎಂದೂ ಸೇರಿಸಿದ. ಟೈಲ್ಸು ಬಂದ ಮೇಲೆ ಫರಸಿ ಕಲ್ಲನ್ನು ಕೇಳುವವರು ಅರ್ಧಕ್ಕರ್ಧ ಕಮ್ಮಿಯಾಗಿದ್ದಾರೆ. ತನ್ನ ಅಪ್ಪನ ಅನ್ನಕ್ಕೆ ಮಣ್ಣು ಹಾಕುವ ಮಾಲಿಗೆ ಅಪ್ಪನ ಅಂಗಳದಲ್ಲೇ ಪ್ರಚಾರ ಮಾಡಲು ಹೊರಟ ಈ ಗಂಡು ತನ್ನನ್ನು ಬುದ್ಧಿವಂತ ಎಂದುಕೊಂಡಿತ್ತು.

ಸ್ವರೂಪಾ ನಾಳೆ ಹೇಳುತ್ತೇನೆ ಎಂದಳು. ಬೈಕು ಹೋಯಿತು. ಪೇಡೆಯನ್ನು ಯಾರೂ ಮುಟ್ಟಲಿಲ್ಲ.

ಒಂದು ಸಲ ಬಿದ್ದವಳಿಗೆ ಇನ್ನೊಂದು ಸಲ ಬೀಳುವುದು ಏನು ಮಹಾ ಎಂದು ಅವಳಿಗೆ ಅನಿಸಿದ್ದು ನಿಜ. ಮಗಳ ಪರೀಕ್ಷೆ ಉಳಿಯುತ್ತದೆ. ಮೊಣಕಾಲು ಹೇಗೂ ಒಡೆದದ್ದೇ. ಅವಳು ಹಾಗೆಂದು ಮನೆಯವರ ಮುಂದೆ ಬಾಯಿಬಿಟ್ಟು ಹೇಳಿದಳು. ಶಿಲ್ಪಾರಾಣಿ ಗೋಡೆಗೆ ಮುಖ ಮಾಡಿ ಕೂತಿದ್ದಳು. ತಿರುಗಲಿಲ್ಲ. ಆಗ ಮಾವ ಸಾಯಪ್ಪ ಬೀಡಿ ಕೆಳಗಿಟ್ಟ. ಎಪ್ಪತ್ತು ದಾಟಿದ ಮುದುಕ. ಅವನ ಬಲಭುಜದಲ್ಲಿ ಇನ್ನೂ ಒಂದು ಗಂಟು ಇದೆ, ಬೊಂಬು ಹೊತ್ತ ಗಂಟು. ಊರಿನ ಸತ್ತ ದನಗಳನ್ನು ಕಾಲು ಕಟ್ಟಿ ಆ ಬೊಂಬಿನಲ್ಲಿ ಹೊರುತ್ತಿದ್ದರು. ಬಿಟ್ಟಿ ಚಾಕರಿ. ನಲವತ್ತು ವರ್ಷದ ಹಿಂದೆ ಕೇರಿಯ ಗಂಡಸರು ನೀಲಿ ನಿಶಾನೆಯ ಕೆಳಗೆ ನಿಂತು ಇನ್ನು ಹೊರುವುದಿಲ್ಲ ಎಂದು ಆಣೆ ಮಾಡಿದ್ದರು. ಆ ಕಥೆ ಎಲ್ಲರಿಗೂ ಗೊತ್ತು. ಗೊತ್ತಿಲ್ಲದ ಭಾಗವನ್ನು ಅವನು ಅಂದು ಹೇಳಿದ.

"ಆಣಿ ಮಾಡಿದ ಮರುದಿನಾನೇ ಗೌಡರ ಎತ್ತು ಸತ್ತಿತು. ನಾವು ಉಮೇದಿನ ಮ್ಯಾಲ ಇದ್ದೆವು. ಎತ್ತು ಒಯ್ದು ಕಚೇರಿ ಮುಂದ ಒಗೀತೀವಿ, ಸಾಹೇಬ ನೋಡಲಿ ಅಂತ ಹೊಂಟೆವು. ನಾಕು ಕೋಸು ದಾರಿ ಹೊತ್ತೆವು. ಘೋಷಣಾ ಕೂಗಿದೆವು. ಗೌಡ ಮನ್ಯಾಗ ಕೂತು ನಕ್ಕ. ಹೊರಲ್ಲ ಅಂದ ಮಕ್ಕಳು ನಾಕು ಕೋಸು ಹೊತ್ಕೊಂಡು ಹೋದ್ರಲ್ಲ ಅಂತ."

ಜೈಭೀಮ ಫೋನನ್ನು ಬೋರಲು ಇಟ್ಟ. ಮುಂದಿನ ಸಲ ಎಮ್ಮೆ ಸತ್ತಾಗ ತಾವು ಹತ್ತಿರ ಹೋಗಲಿಲ್ಲ, ನೋಡಲೂ ಇಲ್ಲ ಎಂದ ಸಾಯಪ್ಪ. ಅದು ಗೌಡನ ಬಾಗಿಲಲ್ಲಿ ಮೂರು ದಿನ ನಾರಿತು. ನಾಲ್ಕನೆಯ ದಿನ ಗೌಡನ ಮಕ್ಕಳೇ ಮೂಗಿಗೆ ಪಂಚೆ ಕಟ್ಟಿಕೊಂಡು ಎಳೆದರು.

ಆಗ ಶಿಲ್ಪಾರಾಣಿ ಗೋಡೆಯ ಕಡೆಯಿಂದ ತಿರುಗಿದಳು. "ಎಮ್ಮಿ ನಾರತದ, ತಾತಾ. ಆ್ಯಪು ನಾರಂಗಿಲ್ಲ. ನಾವು ನೋಡಲಿಲ್ಲ ಅಂದ್ರ ಅವರಿಗೇನು?"

ಹುಡುಗಿ ಹೇಳಿದ್ದು ಸರಿಯಾಗಿಯೇ ಇತ್ತು. ಅಷ್ಟು ದೊಡ್ಡ ಸಂತೆಯಲ್ಲಿ ಅರವತ್ತು ಜೋಡಿ ಕಣ್ಣು ಕಮ್ಮಿಯಾದರೆ ಯಾರಿಗೆ ಗೊತ್ತಾಗುತ್ತದೆ? ಉತ್ತರ ಕೊಟ್ಟವಳು ಸ್ವರೂಪಾ. ಮೊಣಕಾಲಿನ ಪಟ್ಟಿ ಬಿಚ್ಚಿ ಮತ್ತೆ ಬಿಗಿಯಾಗಿ ಕಟ್ಟುತ್ತ, ಯಾರನ್ನೂ ನೋಡದೆ ಹೇಳಿದಳು.

"ಕಲ್ಲೂ ನಾರಂಗಿಲ್ಲ. ಆದ್ರ ನಾವು ಎತ್ತಲಿಲ್ಲ ಅಂದ್ರ ಲಾರಿ ಹೋಗಂಗಿಲ್ಲ."

ಆ ಸಂಜೆ ಕೇರಿಯಲ್ಲಿ ಸಭೆ, ಭಾಷಣ ಏನೂ ಆಗಲಿಲ್ಲ. ಜೈಭೀಮ ಮನೆಮನೆಗೆ ಹೋಗಿ ತನ್ನದು ತಪ್ಪಾಯಿತು ಎಂದ. ವೀಡಿಯೊ ಕಳಿಸಿದವನೇ ಅದನ್ನು ಒಂದೊಂದು ಫೋನಿನಿಂದ ಅಳಿಸಿ ಬಂದ. ವೀಡಿಯೊ ಆ್ಯಪಿನಿಂದ ಇಳಿಯಲಿಲ್ಲ. ಇಂದಿಗೂ ಇದೆ, ಇಂದಿಗೂ ಅದರ ಬೆನ್ನಿಗೆ ಎಣ್ಣೆ ಬಾಟಲಿ ಬರುತ್ತದೆ. ಕೇರಿಯವರು ಮಾತ್ರ ಅದನ್ನು ಮತ್ತೆ ತೆರೆಯಲಿಲ್ಲ. ಸ್ವರೂಪಾ ಬೇರೆ ಕೆಲಸ ಮಾಡಿದಳು. ತನ್ನ ಜೊತೆ ಕಲ್ಲು ಹೊರುವ ಭೂದೇವಿಯ ಮನೆಗೆ ಹೋದಳು. ಅಲ್ಲಿಂದ ಇಬ್ಬರೂ ಸೇರಿ ಉಳಿದ ಒಂಬತ್ತು ಜನರ ಮನೆಗೆ ಹೋದರು. ಹೇಳಿದ್ದು ಒಂದೇ ಮಾತು. ಅವರ ಫೋನು ಮೇಲೆದ್ದರೆ ನಮ್ಮ ಕಲ್ಲು ಕೆಳಗೆ.

ಬೆಳಿಗ್ಗೆ ಅವಳು ಮಗಳಿಗೆ ಸಮವಸ್ತ್ರ ಹಾಕಿಕೊಂಡು ತನ್ನ ಜೊತೆ ಬಾ ಎಂದಳು. ಅಂದೇ ಪ್ರಾಕ್ಟಿಕಲ್. ಕಾಲೇಜಿಗೆ ಹೋಗುವ ಬಸ್ಸು ಕಾರ್ಖಾನೆಯ ಮುಂದೆಯೇ ನಿಲ್ಲುತ್ತದೆ. ಅಲ್ಲಿ ನಿಂತು ನೋಡು, ಆಮೇಲೆ ಹತ್ತುವುದು ಬಿಡುವುದು ನಿನಗೆ ಬಿಟ್ಟದ್ದು ಎಂದಳು. ಶಿಲ್ಪಾರಾಣಿ ಗೂಟದಿಂದ ಚೀಲ ತೆಗೆದುಕೊಂಡಳು.

ಜಹೀರಾಬಾದಿಗೆ ಹೋಗಬೇಕಾದ ಲಾರಿ ಅರ್ಧ ತುಂಬಿ ನಿಂತಿತ್ತು. ಹನ್ನೊಂದು ಜನ ಸಿಂಬಿ ಇಟ್ಟು ಹೊರಲು ಶುರುಮಾಡಿದರು. ಸಂಜೀವಕುಮಾರ ಟೈಲ್ಸಿನ ಪೆಟ್ಟಿಗೆ ಒಡೆದ. ಮೋರಿಯ ಕೆಸರಿಗೆ ಇನ್ನೊಂದು ಬಕೆಟು ನೀರು ಸುರಿದು ಹದ ಮಾಡಿದ. ಸ್ವರೂಪಿ ಬಾ ಎಂದು ಕರೆದು ಫೋನು ಎತ್ತಿದ.

ಸ್ವರೂಪಾ ತಲೆಯ ಮೇಲಿದ್ದ ಕಲ್ಲನ್ನು ನೆಲಕ್ಕೆ ಇಳಿಸಿದಳು. ಮೆಲ್ಲಗೆ, ಅಂಚು ಮುಕ್ಕಾಗದ ಹಾಗೆ. ಭೂದೇವಿ ಇಳಿಸಿದಳು. ಒಬ್ಬರ ಹಿಂದೆ ಒಬ್ಬರು ಹನ್ನೊಂದೂ ಜನ ಇಳಿಸಿದರು. ಸಿಂಬಿಯನ್ನು ಕಲ್ಲಿನ ಮೇಲಿಟ್ಟು ಬೇವಿನ ನೆರಳಿಗೆ ಹೋಗಿ ಕೂತರು. ಯಾರೂ ಕೂಗಲಿಲ್ಲ. ಮಷೀನು ತಾನಾಗಿ ಸುತ್ತುತ್ತಿತ್ತು.

ಮನ್ಮಥಪ್ಪ ಒಳಗಿನಿಂದ ಬಂದ. ಏನು ನಾಟಕ ಇದು ಎಂದ. ಲಾರಿಯವನು ಹಾರ್ನು ಹೊಡೆದ, ಗಂಟೆಯೊಳಗೆ ತುಂಬದಿದ್ದರೆ ಬಾಡಿಗೆ ಬೇರೆ ನೋಡುತ್ತೇನೆ ಎಂದ. ಮನ್ಮಥಪ್ಪ ಬೈದ. ಬೈಗುಳ ಹಳೆಯವೇ, ತಾಯಿ, ಕೇರಿ, ಕೂಳು. ಸ್ವರೂಪಾ ಕೂತಲ್ಲಿಂದಲೇ ಉತ್ತರ ಕೊಟ್ಟಳು.

"ನಾ ಬೀಳಂಗಿಲ್ರಿ. ಆ ಮಾತು ಇನ್ನ ಅನ್ನಂಗಿಲ್ರಿ. ನಿಮ್ಮ ಕಲ್ಲು ಅಲ್ಲೇ ಅದ, ಹಲಗಿ ಅಲ್ಲೇ ಅದ."

ಹನ್ನೊಂದು ಜನರ ಮುಂದೆ ಸಾಹುಕಾರನ ಮೀಸೆಗೆ ಮಣ್ಣಾಯಿತು. ಇವಳಿಲ್ಲದಿದ್ದರೆ ಕಲ್ಲು ಏಳುವುದಿಲ್ಲವೇ ಎಂದು ಅವನು ಪಂಚೆ ಮೇಲೆ ಕಟ್ಟಿದ. ಮಗನನ್ನು ಕರೆದ. ಮಗ ಫೋನು ಜೇಬಿಗಿಟ್ಟು ಬಂದ. ಅಪ್ಪ ಮಗ ಇಬ್ಬರೂ ಸೇರಿ ಒಂದು ಕಲ್ಲು ಎತ್ತಿದರು. ಹೆಂಗಸೊಬ್ಬಳು ತಲೆಯ ಮೇಲಿಟ್ಟು ದಿನಕ್ಕೆ ನೂರು ಸಲ ಒಯ್ಯುವ ಕಲ್ಲು. ನಾಲ್ಕು ಹೆಜ್ಜೆಗೆ ಇಬ್ಬರ ಉಸಿರೂ ಕಟ್ಟಿತು. ಮನ್ಮಥಪ್ಪ ಹಿಮ್ಮುಖವಾಗಿ ನಡೆಯುತ್ತ ಹಲಗೆಯ ಮೇಲೆ ಕಾಲಿಟ್ಟ.

ಜಾರಿದ. ಕಲ್ಲು ಎರಡು ತುಂಡಾಯಿತು. ಮನ್ಮಥಪ್ಪ ಮೋರಿಯಲ್ಲಿ ಕೂತ. ಕೊರಳ ಲಿಂಗದಿಂದ ಹಿಡಿದು ಮೀಸೆಯ ತನಕ ಬೂದಿ ಕೆಸರು. ಪಂಚೆ ಬಿಚ್ಚಿ ಕೆಸರಲ್ಲಿ ತೇಲಿತು.

ಅಂದು ತಂದೆ ಮೊದಲು ಕಲ್ಲನ್ನು ನೋಡಿದ್ದ. ಇಂದು ಮಗ ಮೊದಲು ನೋಡಿದ್ದು ಫೋನುಗಳನ್ನು. ಅಪ್ಪನಿಗೆ ಕೈ ಕೊಡಲಿಲ್ಲ. ಗಿರಕ್ಕನೆ ತಿರುಗಿ ಬೇವಿನ ನೆರಳಿನ ಕಡೆ, ಹನ್ನೊಂದು ಜೊತೆ ಕೈಗಳ ಕಡೆ ಕಣ್ಣು ಹಾಯಿಸಿದ. ಯಾರ ಕೈಯಲ್ಲೂ ಏನೂ ಇರಲಿಲ್ಲ. ಕೈಗಳು ಮಡಿಲಲ್ಲಿ ಇದ್ದವು. ಅವನಿಗೆ ನಂಬಿಕೆ ಬರಲಿಲ್ಲ. ಇಂಥ ಮಾಲು ಕಣ್ಣ ಮುಂದೆ ಬಿದ್ದಿರುವಾಗ ಹಿಡಿಯದೆ ಬಿಡುವ ಮನುಷ್ಯರು ಇದ್ದಾರೆಂದು ಅವನಿಗೆ ಗೊತ್ತಿರಲಿಲ್ಲ. ಬಸ್ಸಿಗೆ ಕಾದು ನಿಂತ ಶಿಲ್ಪಾರಾಣಿಯ ಕಡೆ ಓಡಿದ.

"ವೀಡಿಯೊ ತಗದಿ ಏನವ್ವ? ತಗದಿದ್ರ ಅಳಿಸಿಬಿಡವ್ವ. ಸ್ವರೂಪಮ್ಮಾ, ನೀವರ ನಿಮ್ಮ ಮಗಳಿಗೆ ಹೇಳ್ರಿ."

ಸ್ವರೂಪಿ ಅರ್ಧ ಗಳಿಗೆಯಲ್ಲಿ ಸ್ವರೂಪಮ್ಮ ಆಗಿದ್ದಳು. ಶಿಲ್ಪಾರಾಣಿಯ ಫೋನು ಚೀಲದ ತಳದಲ್ಲಿ, ರೆಕಾರ್ಡ್ ಬುಕ್ಕಿನ ಕೆಳಗೆ ಇತ್ತು. ಅವಳು ಎರಡೂ ಅಂಗೈ ಬಿಚ್ಚಿ ತೋರಿಸಿದಳು.

"ನಾವು ಸತ್ತ ದನ ಹೊರೋದು ಬಿಟ್ಟೀವ್ರಿ" ಎಂದಳು.

ಬಸ್ಸು ಬಂದು ನಿಂತಿತು. ಅವಳು ಹತ್ತಿದಳು, ತಿರುಗಿ ನೋಡಲಿಲ್ಲ. ಬಸ್ಸಿನೊಳಗೆ ಯಾರದೋ ಫೋನಿನಲ್ಲಿ ಅದೇ ಬ್ಯಾಂಡು ಬಡಿಯುತ್ತಿತ್ತು. ಬಸ್ಸು ತಾಂಡೂರಿನ ಕಡೆ ಹೋಯಿತು.

ಮನ್ಮಥಪ್ಪ ಇನ್ನೂ ಮೋರಿಯಲ್ಲೇ ಇದ್ದ. ಯಾರಾದರೂ ಬಂದು ಎಬ್ಬಿಸುತ್ತಾರೆ ಎಂದು ಕೈ ಮೇಲೆತ್ತಿ ಕೂತಿದ್ದ. ಹುಟ್ಟಿದಾಗಿನಿಂದ ಯಾರಾದರೊಬ್ಬರು ಎಬ್ಬಿಸುತ್ತಲೇ ಬಂದಿದ್ದರು. ಸ್ವರೂಪಾ ನೆರಳಿನಿಂದ ಎದ್ದು ಕುಂಟುತ್ತ ಮೋರಿಯ ಅಂಚಿಗೆ ಬಂದಳು. ಒಡೆದ ಕಲ್ಲನ್ನು ನೋಡಿದಳು, ಅವನನ್ನು ನೋಡಿದಳು.

"ಹಲಗಿ ಹಸಿ ಅದ ಅಂತ ಎರಡು ಸಲ ಹೇಳಿದ್ದೆನ್ರಿ, ಸಾವಕಾರ್ರೆ."

ಹಾಗೆಂದು ನೆರಳಿಗೆ ವಾಪಸು ಹೋಗಿ ಬುತ್ತಿ ಬಿಚ್ಚಿದಳು.